ನಗರ, ನೆರೆಹೊರೆ ಮತ್ತು ‘ಊರು ಕೇರಿ’

ಕೆಲವು ಮಾತುಗಳು ಎಷ್ಟೋ ಕೈ ದಾಟಿ ಬಂದು ಸವೆದ ನಾಣ್ಯದಂತಾಗಿರುತ್ತವೆ. ಮೇಲಿನ ಮುದ್ರೆ ಯಾವ ಅರಸನದೆಂದು ಯಾರೂ ತಿರುಗಿಸಿ ನೋಡುವುದಿಲ್ಲ; ಪೇಟೆಯಲ್ಲಿ ನಡೆಯುತ್ತದೆ, ಅಷ್ಟು ಸಾಕು. “ಪಟ್ಟಣದಲ್ಲಿ ಪಕ್ಕದ ಮನೆಯವರ ಹೆಸರೂ ಗೊತ್ತಿರುವುದಿಲ್ಲ” ಎಂಬುದು ಅಂಥದೊಂದು ಮಾತು. ಭಾಷಣಕಾರರು ಇದನ್ನು ಹೇಳುತ್ತಾರೆ, ಕತೆಗಾರರು ಹೇಳುತ್ತಾರೆ, ವಿಮರ್ಶಕರು ಇದಕ್ಕೆ ‘ಅನಾಥಪ್ರಜ್ಞೆ’, ‘ಪರಕೀಯತೆ’ ಎಂಬ ದೊಡ್ಡ ಹೆಸರುಗಳನ್ನಿಟ್ಟು ಹೇಳುತ್ತಾರೆ. ನಾನು ಪಾಠ ಹೇಳುವುದು ರಾಮನಗರದ ಒಂದು ಕಾಲೇಜಿನಲ್ಲಿ. ನಗರಜೀವನವನ್ನು ಕುರಿತು ಪ್ರಬಂಧ ಬರೆಯಿರಿ ಎಂದರೆ ಅಲ್ಲಿಯ ವಿದ್ಯಾರ್ಥಿಗಳಲ್ಲಿ ಹೆಚ್ಚಿನವರು ಈ ವಾಕ್ಯದಿಂದಲೇ ಆರಂಭಿಸುತ್ತಾರೆ.

ಈ ವಿದ್ಯಾರ್ಥಿಗಳು ಯಾರೆಂಬುದನ್ನೂ ಹೇಳಬೇಕು. ಮಾಗಡಿ, ಕನಕಪುರ, ಚನ್ನಪಟ್ಟಣದ ಸುತ್ತಲಿನ ಹಳ್ಳಿಗಳ ಮಕ್ಕಳು. ಎಷ್ಟೋ ಮಂದಿ ತಮ್ಮ ಮನೆಯಿಂದ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ಮೊದಲಿಗರು. ಅಕ್ಕನೋ ಅಣ್ಣನೋ ಆಗಲೇ ಬೆಂಗಳೂರು ಸೇರಿರುತ್ತಾರೆ. ಪದವಿ ಮುಗಿದರೆ ಇವರೂ ಹೊರಡುವವರೇ. ಹೊರಡುವುದಕ್ಕೆ ಇವರಿಗಿರುವ ಆತುರವನ್ನು ನಾನು ದಿನವೂ ಕಾಣುತ್ತೇನೆ. ಆದರೆ ಕೈಗೆ ಲೇಖನಿ ಬಂದೊಡನೆ ಇದೇ ಹುಡುಗ ಹುಡುಗಿಯರು ಆ ನಗರವನ್ನು ಶಪಿಸತೊಡಗುತ್ತಾರೆ. ಮನಸ್ಸು ಒಂದು ದಾರಿ, ಬರೆಹ ಇನ್ನೊಂದು ದಾರಿ. ತಾನು ಬಯಸುವುದನ್ನು ಬರೆಯಬಾರದು, ಬರೆಯಬೇಕಾದದ್ದು ಬೇರೆ ಏನೋ ಇದೆ ಎಂಬ ಭಾವನೆ ಇವರಲ್ಲಿ ಹೇಗೋ ಬೇರೂರಿದೆ. ಇದು ಸಣ್ಣ ಸಂಗತಿಯಲ್ಲ. ತನ್ನ ಬದುಕನ್ನು ಕುರಿತು ತಾನೇ ಸುಳ್ಳು ಬರೆಯುವ ಅಭ್ಯಾಸ ಇಪ್ಪತ್ತನೆಯ ವಯಸ್ಸಿಗೆ ಹತ್ತಿಕೊಂಡರೆ, ಮುಂದೆ ಅವನು ಓದುವ ಸಾಹಿತ್ಯಕ್ಕೂ ಬಾಳುವ ಬಾಳಿಗೂ ಮಾತುಕತೆಯೇ ನಿಂತುಹೋಗುತ್ತದೆ. ಆದುದರಿಂದ ಈ ಸವೆದ ನಾಣ್ಯದ ಮುದ್ರೆಯನ್ನು ಸ್ವಲ್ಪ ಉಜ್ಜಿ ನೋಡುವುದು ಒಳ್ಳೆಯದೆಂದು ನನಗೆ ತೋರುತ್ತದೆ.

ನವೋದಯದ ಕಾಲದ ಬಹಳಷ್ಟು ಬರವಣಿಗೆಯಲ್ಲಿ ಹಳ್ಳಿ ತಾಯಿ, ಪಟ್ಟಣ ಮಾಯಾಂಗನೆ. ಪಟ್ಟಣಕ್ಕೆ ಹೋದ ಮಗ ಕೆಟ್ಟ. ಮರಳಿ ಬಂದವನು ಉದ್ಧಾರವಾದ. ಈ ಭಾವನೆಗೆ ಜನಮನದಲ್ಲಿ ಎಷ್ಟು ಬಲವಿತ್ತೆಂಬುದಕ್ಕೆ 1972ರ ‘ಬಂಗಾರದ ಮನುಷ್ಯ’ ಚಿತ್ರ ಸಾಕ್ಷಿ. ಟಿ. ಕೆ. ರಾಮರಾಯರ ಕಾದಂಬರಿಯನ್ನು ಆಧರಿಸಿದ ಆ ಚಿತ್ರವನ್ನು ನೋಡಿ ಹಳ್ಳಿಗೆ ಮರಳಿ ನೇಗಿಲು ಹಿಡಿದ ತರುಣರ ಕತೆಗಳನ್ನು ಜನ ಇಂದಿಗೂ ಹೇಳುತ್ತಾರೆ. ಆದರೆ ಆ ಚಿತ್ರದ ಕೊನೆಯನ್ನು ನೆನೆಯುವವರು ಕಡಿಮೆ. ತನ್ನವರಿಗಾಗಿ ದುಡಿದ ರಾಜೀವ ತನ್ನವರಿಂದಲೇ ಅನುಮಾನದ ಮಾತು ಕೇಳಿ, ಉಟ್ಟ ಬಟ್ಟೆಯಲ್ಲಿ ಊರು ಬಿಟ್ಟು ನಡೆಯುತ್ತಾನೆ. ಪಕ್ಕದ ಮನೆಯವರ ಹೆಸರು, ಅವರ ಮೂರು ತಲೆಮಾರಿನ ಹೆಸರು ಗೊತ್ತಿದ್ದ ಊರದು! ಕತೆ ಹೇಳಿದವರಿಗೆ ಕಂಡದ್ದು ಕತೆಯನ್ನು ಮೆಚ್ಚಿದವರಿಗೆ ಕಾಣಲಿಲ್ಲ.

ನವ್ಯರು ಬಂದಾಗ ಹಳ್ಳಿಯ ಈ ಬಣ್ಣ ಕಳಚಿತು, ನಿಜ. ಆದರೆ ನಗರದ ಮೇಲಿನ ಆರೋಪಪಟ್ಟಿ ಹಾಗೆಯೇ ಉಳಿದು, ನೀತಿಯ ಭಾಷೆಯಿಂದ ಮನಶ್ಶಾಸ್ತ್ರದ ಭಾಷೆಗೆ ತರ್ಜುಮೆಯಾಯಿತು ಎಂದರೆ ಹೆಚ್ಚು ತಪ್ಪಾಗಲಾರದು. ಲಂಕೇಶರ ‘ಬಿರುಕು’ (1967) ಮತ್ತು ಯಶವಂತ ಚಿತ್ತಾಲರ ‘ಶಿಕಾರಿ’ (1979) ಇವುಗಳ ನಾಯಕರು ನಮ್ಮ ಸಾಹಿತ್ಯ ಕಂಡ ಒಂಟಿ ಮನುಷ್ಯರಲ್ಲಿ ಮುಖ್ಯರು. ಇವು ದೊಡ್ಡ ಕೃತಿಗಳು. ಅದರಲ್ಲಿ ನನಗೆ ಸಂದೇಹವಿಲ್ಲ. ಆದರೆ ‘ಶಿಕಾರಿ’ಯನ್ನು ಮುಂಬಯಿಯ ಅಮಾನುಷತೆಯ ಕತೆಯೆಂದು ಪಾಠ ಹೇಳುವವರು ಒಂದನ್ನು ಗಮನಿಸಬೇಕು. ನಾಗಪ್ಪನನ್ನು ಬೆನ್ನಟ್ಟುವವರು ಬರಿಯ ಅಪರಿಚಿತರಲ್ಲ. ಅವನ ಹಿಂದುಮುಂದು, ಮನೆತನ, ಹುಟ್ಟೂರು ಬಲ್ಲವರೂ ಅವರಲ್ಲಿದ್ದಾರೆ. ಅವನಿಗಿರುವ ಹೆದರಿಕೆ ತನ್ನನ್ನು ಯಾರೂ ಅರಿಯರು ಎಂಬುದಲ್ಲ, ತನ್ನನ್ನು ಇವರು ಬಲ್ಲರು ಎಂಬುದು. ಇದನ್ನೇ ತ್ರಿವೇಣಿಯವರು ‘ಶರಪಂಜರ’ದಲ್ಲಿ ಇನ್ನೂ ಸರಳವಾಗಿ, ಮನಕಲಕುವಂತೆ ತೋರಿಸಿದ್ದರು. ಮಾನಸಿಕ ಆಸ್ಪತ್ರೆಯಿಂದ ಗುಣವಾಗಿ ಬಂದ ಕಾವೇರಿಯನ್ನು ಮತ್ತೆ ಕೆಡಹುವವರು ಗಂಡ, ಬಂಧುಗಳು, ಪರಿಚಿತರು, ನೆರೆಹೊರೆ. ಗುರುತಿನವರ ಕಣ್ಣುಗಳೇ ಅಲ್ಲಿ ಬಾಣಗಳು. ಯಾರಿಗೂ ಗುರುತಿಲ್ಲದ ಒಂದು ಬೀದಿ ಆಕೆಗೆ ಸಿಕ್ಕಿದ್ದರೆ ಬದುಕಿಕೊಳ್ಳುತ್ತಿದ್ದಳೋ ಏನೋ.

ಇಷ್ಟಕ್ಕೂ ‘ಪಕ್ಕದ ಮನೆ’ಯನ್ನು ಕಳೆದುಕೊಂಡೆನೆಂದು ಹಲುಬಬೇಕಾದರೆ ಮೊದಲು ಒಂದು ಪಕ್ಕದ ಮನೆ ಇದ್ದಿರಬೇಕಲ್ಲವೆ? ನವ್ಯದ ಒಂಟಿ ನಾಯಕರಲ್ಲಿ ಅನೇಕರು ಜಗಲಿಯ ಮನೆಯಿಂದ, ಅಂಗಳದಿಂದ, ಬಾವಿಕಟ್ಟೆಯಿಂದ ಬಂದವರು. ಅವರು ಬಿಟ್ಟುಬಂದದ್ದಕ್ಕೆ ಬೆಲೆಯಿತ್ತು, ದುಃಖವೂ ಸಹಜವೇ. ಆ ಜಗಲಿಯನ್ನು ಹತ್ತಲಾರದೆ, ಆ ಬಾವಿಯ ನೀರನ್ನು ಸೇದಲಾರದೆ ಇದ್ದವರು ಪಟ್ಟಣಕ್ಕೆ ಬಂದರೆ ಅವರು ಕಳೆದುಕೊಳ್ಳುವುದೇನು, ಪಡೆಯುವುದೇನು? ಈ ಪ್ರಶ್ನೆಗೆ ಕನ್ನಡದಲ್ಲಿ ನನಗೆ ಸಿಕ್ಕಿರುವ ಉತ್ತರಗಳಲ್ಲಿ ಎಲ್ಲಕ್ಕಿಂತ ಜೀವಂತವಾದದ್ದು ನಮ್ಮ ಮಾಗಡಿ ತಾಲ್ಲೂಕಿನ ಮಂಚನಬೆಲೆಯಲ್ಲಿ 1954ರಲ್ಲಿ ಹುಟ್ಟಿದ ಕವಿ ಸಿದ್ಧಲಿಂಗಯ್ಯನವರ ಆತ್ಮಕಥನ ‘ಊರು ಕೇರಿ’. (‘ಬಂಗಾರದ ಮನುಷ್ಯ’ದ ನಿರ್ದೇಶಕರ ಹೆಸರೂ ಸಿದ್ಧಲಿಂಗಯ್ಯ, ಅವರು ಬೇರೆ, ಇವರು ಬೇರೆ. ಒಂದೇ ಹೆಸರಿನ ಇಬ್ಬರು ಹಳ್ಳಿಯನ್ನು ಕುರಿತು ಇಷ್ಟು ಭಿನ್ನವಾದ ಎರಡು ಕತೆಗಳನ್ನು ಹೇಳಿದರೆಂಬುದು ತಮಾಷೆಯ ಸಂಗತಿ.)

ಪುಸ್ತಕಕ್ಕೆ ಹೋಗುವ ಮುನ್ನ ಈ ಸೀಮೆಯ ಬಗೆಗೆ ಎರಡು ಮಾತು. ಹೊರಗಿನವರ ಕಣ್ಣಿಗೆ ನಮ್ಮ ಪ್ರದೇಶ ಎಂದೂ ತಾನಾಗಿ ಕಂಡದ್ದೇ ಇಲ್ಲವೇನೋ ಎನ್ನಿಸುತ್ತದೆ. ರಾಮನಗರದ ಬಂಡೆಗಳ ನಡುವೆ 1973ರಿಂದ ‘ಶೋಲೆ’ಯ ಚಿತ್ರೀಕರಣ ನಡೆಯಿತು, 1975ರಲ್ಲಿ ತೆರೆಯ ಮೇಲೆ ಬಂದಾಗ ಅದು ಉತ್ತರದೇಶದ ಯಾವುದೋ ರಾಮಗಢವಾಗಿತ್ತು. ಡೇವಿಡ್ ಲೀನ್ ‘ಎ ಪ್ಯಾಸೇಜ್ ಟು ಇಂಡಿಯಾ’ ಚಿತ್ರಕ್ಕಾಗಿ (1984) ಮಾಗಡಿಯ ಸಾವನದುರ್ಗಕ್ಕೆ ಬಂದರು. ನಮ್ಮ ಬೆಟ್ಟ ಫಾರ್ಸ್ಟರನ ಕಾದಂಬರಿಯ ಮರಬಾರ್ ಗವಿಗಳಾಯಿತು. ಊರ ಹೆಸರೂ ಅಷ್ಟೆ. ಬ್ರಿಟಿಷರ ಕಾಲದಲ್ಲಿ ಬ್ಯಾರಿ ಕ್ಲೋಸ್ ಎಂಬ ಅಧಿಕಾರಿಯ ಹೆಸರಿನಲ್ಲಿ ಕ್ಲೋಸ್‌ಪೇಟೆ, ಆಮೇಲೆ ರಾಮನಗರ, 2007ರಲ್ಲಿ ಪ್ರತ್ಯೇಕ ಜಿಲ್ಲೆ, 2025ರ ಮೇ ತಿಂಗಳಿನಲ್ಲಿ ಆ ಜಿಲ್ಲೆಗೆ ‘ಬೆಂಗಳೂರು ದಕ್ಷಿಣ’ವೆಂದು ಹೆಸರಿಡಲು ರಾಜ್ಯ ಸಚಿವಸಂಪುಟ ತೀರ್ಮಾನಿಸಿತು. ಹೆಸರು ಬದಲಾದುದರ ಹಿತಾಹಿತಗಳನ್ನು ಇಲ್ಲಿ ಚರ್ಚಿಸುವುದಿಲ್ಲ. ಯಾವುದೋ ಒಂದು ಊರಿನ ಯಾವುದೋ ಒಂದು ದಿಕ್ಕಾಗಿರುವುದು ನಮಗೆ ಹೊಸದೇನಲ್ಲ ಎಂದಷ್ಟೇ ಹೇಳಿದೆ. ಇಂಥ ಕಡೆಯಿಂದ ಎದ್ದು, ಇದನ್ನು ಇದರದೇ ಹೆಸರಿನಲ್ಲಿ ಕರೆದು, ಇಲ್ಲಿಂದ ಬೆಂಗಳೂರಿಗೆ ಹಾಕಿದ ಹೆಜ್ಜೆಗಳನ್ನು ಎಣಿಸಿದ ಪುಸ್ತಕ ‘ಊರು ಕೇರಿ’.

ಹೆಸರಿನಲ್ಲಿಯೇ ಪುಸ್ತಕದ ತಿರುಳಿದೆ. ಊರು ಒಂದು, ಕೇರಿ ಇನ್ನೊಂದು. ನಡುವೆ ‘ಮತ್ತು’ ಎಂಬ ಸೇತುವೆಯನ್ನೂ ಲೇಖಕರು ಇಟ್ಟಿಲ್ಲ. ಆರಂಭದ ಪುಟಗಳಲ್ಲಿಯೇ ಬರುವ ಒಂದು ದೃಶ್ಯವನ್ನು ಓದಿದವರಾರೂ ಮರೆಯಲಾರರು. ಹೊಲದಲ್ಲಿ ಇಬ್ಬರು ಮನುಷ್ಯರು ಎತ್ತುಗಳ ಜಾಗದಲ್ಲಿ ನೊಗ ಹೊತ್ತು ಎಳೆಯುತ್ತಿದ್ದಾರೆ, ಹಿಂದೆ ಇನ್ನೊಬ್ಬ ಉಳುತ್ತಿದ್ದಾನೆ; ನೊಗ ಹೊತ್ತವರಲ್ಲಿ ಒಬ್ಬರು ನೋಡುತ್ತಿರುವ ಹುಡುಗನ ತಂದೆ. ಬೇರೆ ಯಾರಾದರೂ ಆಗಿದ್ದರೆ ಈ ಒಂದು ದೃಶ್ಯದ ಮೇಲೆ ಹತ್ತು ಪುಟದ ಆಕ್ರೋಶವನ್ನು ಕಟ್ಟುತ್ತಿದ್ದರು. 1975ರಲ್ಲಿ ‘ಹೊಲೆಮಾದಿಗರ ಹಾಡು’ ಪ್ರಕಟಿಸಿ ಕನ್ನಡಕಾವ್ಯದ ದನಿಯನ್ನೇ ಬದಲಿಸಿದ ಕವಿಗೆ ಆಕ್ರೋಶ ಬಾರದ್ದೇನಲ್ಲ. ಆದರೆ ಇಲ್ಲಿ ಅವರು ಕಂಡದ್ದನ್ನು ಹೇಳಿ ಮುಂದೆ ನಡೆಯುತ್ತಾರೆ. ಆ ಸಂಯಮವೇ ದೃಶ್ಯವನ್ನು ನಮ್ಮೊಳಗೆ ನಿಲ್ಲಿಸುತ್ತದೆ.

ಆ ಊರಿನಲ್ಲಿ ಎಲ್ಲರಿಗೂ ಎಲ್ಲರ ಹೆಸರು ಗೊತ್ತು ಎಂಬುದನ್ನು ಮರೆಯದಿರೋಣ. ನೊಗದ ಹಿಂದಿದ್ದವನಿಗೆ ನೊಗ ಹೊತ್ತವನ ಹೆಸರು ಗೊತ್ತು. ಕೇವಲ ಹೆಸರು ತಿಳಿದ ಮಾತ್ರಕ್ಕೆ ಸಂಬಂಧ ಉಂಟಾಗುವುದಾಗಿದ್ದರೆ ಈ ಪುಸ್ತಕ ಬರೆಯುವ ಅಗತ್ಯವೇ ಇರುತ್ತಿರಲಿಲ್ಲ.

ಮಂಚನಬೆಲೆಯಿಂದ ಮಾಗಡಿ, ಮಾಗಡಿಯಿಂದ ಬೆಂಗಳೂರು. ಈಗ ಇದು ಒಂದೂವರೆ ಗಂಟೆಯ ಬಸ್ಸಿನ ದಾರಿ; ಅಂದು ಒಂದು ಯುಗದಿಂದ ಇನ್ನೊಂದು ಯುಗಕ್ಕೆ ದಾಟುವ ದಾರಿ. ನಗರದಲ್ಲಿ ಇವರಿಗೆ ದೊರೆತದ್ದು ಶ್ರೀರಾಮಪುರದ ಬಡವರ ವಸತಿ, ಮಾಗಡಿ ರಸ್ತೆಯ ಬದಿಯ ಗೋಪಾಲಪುರದ ಹಾಸ್ಟೆಲು, ಹತ್ತಿರದ ಸ್ಮಶಾನ. ಇದೂ ಒಂದು ಕೇರಿಯೇ. ನಗರಕ್ಕೂ ತನ್ನ ಕೇರಿಗಳುಂಟು. ನಗರ ಬಂದೊಡನೆ ಬಿಡುಗಡೆ ಬಂತು ಎಂಬ ಅಗ್ಗದ ಸುಖಾಂತವನ್ನು ಲೇಖಕರು ನಮಗೆ ಕೊಡುವುದಿಲ್ಲ. ಹಸಿವು ಇಲ್ಲಿಯೂ ಹಸಿವೇ. ಆದರೂ ಪುಸ್ತಕದ ಗಾಳಿ ಬದಲಾಗುವುದು ಓದುವವನಿಗೆ ತಿಳಿಯುತ್ತದೆ. ಹಳ್ಳಿಯ ಭಾಗದಲ್ಲಿ ಮನುಷ್ಯರು ತಮ್ಮ ತಮ್ಮ ಜಾಗಗಳಲ್ಲಿ ಊರಿದ ಕಲ್ಲುಗಳಂತಿದ್ದಾರೆ. ನಗರದ ಭಾಗದಲ್ಲಿ ಅವರು ಚಲಿಸತೊಡಗುತ್ತಾರೆ, ಒಬ್ಬರಿಗೊಬ್ಬರು ತಗಲುತ್ತಾರೆ, ಮಾತಿಗೆ ನಿಲ್ಲುತ್ತಾರೆ, ಮೋಸಮಾಡುತ್ತಾರೆ, ನಗಿಸುತ್ತಾರೆ. ಓದಲು ಬೆಳಕೂ ಜಾಗವೂ ಸಾಲದ ಹುಡುಗ ಪುಸ್ತಕ ಹಿಡಿದು ಸ್ಮಶಾನಕ್ಕೆ ಹೋಗುತ್ತಾನೆ. ಗೋರಿಗಳ ನಡುವೆ ಕುಳಿತು ಓದಿದವನಿಗೆ ಅಲ್ಲಿ ಒಂಟಿತನ ಕಾಣಲಿಲ್ಲ; ಅಲ್ಲಿಯೂ ಜನ ಬರುತ್ತಾರೆ, ಹೋಗುತ್ತಾರೆ, ಪರಿಚಯವಾಗುತ್ತದೆ. ಇದೇ ಸ್ಮಶಾನ ನವ್ಯದ ಕವಿಯೊಬ್ಬನ ಕೈಗೆ ಸಿಕ್ಕಿದ್ದರೆ ಏನಾಗುತ್ತಿತ್ತೆಂಬುದನ್ನು ಓದುಗರೇ ಊಹಿಸಿಕೊಳ್ಳಬಹುದು. ಸಾವಿನ ಪ್ರತೀಕಗಳು ಸಾಲುಗಟ್ಟಿ ನಿಲ್ಲುತ್ತಿದ್ದವು. ಸಿದ್ಧಲಿಂಗಯ್ಯನವರಿಗೆ ಅದು ವಾಚನಾಲಯ.

ಡಿ. ಆರ್. ನಾಗರಾಜರು ಈ ಕೃತಿಯನ್ನು ಕುರಿತು ಬರೆಯುತ್ತ ಬಡವರ ನಗುವಿನ ಶಕ್ತಿಯನ್ನು ಎತ್ತಿಹಿಡಿದರು. ಅವರ ಮಾತು ಸರಿಯಾದದ್ದು. ಇಂದಿಗೂ ಈ ಪುಸ್ತಕಕ್ಕೆ ಅದಕ್ಕಿಂತ ಒಳ್ಳೆಯ ಪ್ರವೇಶದ್ವಾರವಿಲ್ಲ. ಅದಕ್ಕೆ ನಾನು ಒಂದನ್ನು ಸೇರಿಸಬಯಸುತ್ತೇನೆ. ನಗುವಿಗೆ ಜೊತೆ ಬೇಕು. ಒಬ್ಬನೇ ಅಳಬಹುದು, ಒಬ್ಬನೇ ನಕ್ಕರೆ ಜನ ಬೇರೆ ಏನನ್ನೋ ಭಾವಿಸುತ್ತಾರೆ. ‘ಊರು ಕೇರಿ’ಯ ಹಾಸ್ಯವೆಲ್ಲ ಗುಂಪಿನ ಹಾಸ್ಯ: ಹಾಸ್ಟೆಲಿನ ಹುಡುಗರದು, ಸಭೆಗಳದು, ಬೀದಿಯದು. ಆದುದರಿಂದ ಆ ನಗು ಬರಿಯ ಶೈಲಿಯ ಗುಣವಲ್ಲ. ನಗರದಲ್ಲಿ ಈ ಜನ ಒಬ್ಬರಿಗೊಬ್ಬರು ದೊರೆತರು ಎಂಬುದಕ್ಕೆ ಸಾಕ್ಷ್ಯ. 1970ರ ದಶಕದ ದಲಿತ ಚಳವಳಿಯನ್ನೂ ಈ ಕಣ್ಣಿನಿಂದ ನೋಡಬೇಕು. ಬೇರೆ ಬೇರೆ ಊರುಗಳ ಕೇರಿಗಳಲ್ಲಿ ಚದರಿದ್ದವರು ಹಾಸ್ಟೆಲುಗಳಲ್ಲಿ, ಕಾಲೇಜುಗಳಲ್ಲಿ, ಕಾರ್ಖಾನೆಗಳ ಬಾಗಿಲಲ್ಲಿ ಸೇರದೆ ಹೋಗಿದ್ದರೆ ಆ ಹಾಡುಗಳನ್ನು ಹಾಡುವವರಾರು, ಕೇಳುವವರಾರು?

ಹಾಗೆಂದು ಅವರು ಹಳ್ಳಿಗೆ ಬೆನ್ನು ತಿರುಗಿಸಿದವರೂ ಅಲ್ಲ. ಪಿಎಚ್.ಡಿ.ಗೆ ಅವರು ಆರಿಸಿಕೊಂಡ ವಿಷಯ ಗ್ರಾಮದೇವತೆಗಳು. ಊರಿನ ಕಟ್ಟನ್ನು ಬಿಟ್ಟರು, ಊರಿನ ಜನರನ್ನು ಬಿಡಲಿಲ್ಲ, ಅವರ ದೇವರುಗಳನ್ನೂ ಬಿಡಲಿಲ್ಲ.

ಪುಸ್ತಕದ ಮಿತಿಗಳನ್ನು ಹೇಳದಿದ್ದರೆ ವಿಮರ್ಶೆ ಅಭಿನಂದನಪತ್ರವಾಗುತ್ತದೆ. ‘ಊರು ಕೇರಿ’ಯ ಮುಂದಿನ ಭಾಗಗಳಲ್ಲಿ ಮೊದಲನೆಯದರ ಬಿಗುವಿಲ್ಲವೆಂಬುದು ನನ್ನ ಭಾವನೆ. ಲೇಖಕರು ಪ್ರಸಿದ್ಧರಾದಂತೆ ಅವರ ಸುತ್ತಲಿನವರೂ ಪ್ರಸಿದ್ಧರೇ ಆಗುತ್ತಾರೆ. ಪ್ರಸಂಗಗಳು ವೇದಿಕೆಯ ಪ್ರಸಂಗಗಳಾಗುತ್ತವೆ. ಹೆಸರಿಲ್ಲದವರ ಜಾಗವನ್ನು ಹೆಸರುವಾಸಿಗಳು ತುಂಬಿದಾಗ ನಗರ ಹಿಂದಕ್ಕೆ ಸರಿಯುತ್ತದೆ. ಇನ್ನೊಂದು ಕೊರತೆ ಮೊದಲ ಭಾಗದಲ್ಲಿಯೇ ಉಂಟು. ಇದು ಗಂಡುಮಕ್ಕಳ ನಗರ. ಹಾಸ್ಟೆಲು, ಸಭೆ, ರಾತ್ರಿಯ ತಿರುಗಾಟ ಇವೆಲ್ಲ ಹುಡುಗನಿಗೆ ದೊರೆತ ಸ್ವಾತಂತ್ರ್ಯಗಳು. ಅದೇ ಶ್ರೀರಾಮಪುರದಲ್ಲಿ ಅದೇ ವರ್ಷಗಳಲ್ಲಿ ಬೆಳೆದ ಹುಡುಗಿಯೊಬ್ಬಳಿಗೆ ನಗರ ಏನಾಗಿತ್ತೆಂಬುದನ್ನು ಈ ಪುಸ್ತಕದಿಂದ ತಿಳಿಯುವುದು ಕಷ್ಟ. ಆದರೆ ಇವೆಲ್ಲ ಹೇಳಿದ ಮೇಲೂ, ನಮ್ಮ ತರಗತಿಗಳಲ್ಲಿ ‘ಊರು ಕೇರಿ’ಯನ್ನು ‘ದಲಿತ ಆತ್ಮಕಥೆ’ ಎಂಬ ಒಂದೇ ಕಪಾಟಿನಲ್ಲಿಟ್ಟು ಬೀಗ ಹಾಕಿರುವುದು ಸರಿಯಲ್ಲ. ಬೆಂಗಳೂರನ್ನು ಕುರಿತ ಕನ್ನಡದ ಮುಖ್ಯ ಕೃತಿಗಳಲ್ಲಿ ಇದೊಂದು. ಆ ದೃಷ್ಟಿಯಿಂದ ಇದನ್ನು ಓದಿಸುವವರು ವಿರಳ.

ಬೆಂಗಳೂರಿನ ಇನ್ನೊಂದು ತುದಿಯನ್ನು ನೋಡಬೇಕೆಂದರೆ ವಿವೇಕ ಶಾನಭಾಗರ ‘ಘಾಚರ್ ಘೋಚರ್’ (2013) ಇದೆ. ಇರುವೆ ಮುತ್ತುವ ಪುಟ್ಟ ಬಾಡಿಗೆಮನೆಯಲ್ಲಿ ಒತ್ತೊತ್ತಾಗಿ ಬಾಳಿದ ಸಂಸಾರ, ಚಿಕ್ಕಪ್ಪನ ಮಸಾಲೆ ವ್ಯಾಪಾರದಿಂದ ಹಣ ಬಂದಮೇಲೆ ದೊಡ್ಡ ಮನೆಗೆ ಹೋಗುತ್ತದೆ. ಆಮೇಲಿನದು ಎಲ್ಲರಿಗೂ ಗೊತ್ತಿರುವ ಕತೆಯಾಗಬಹುದಿತ್ತು: ಹಣ ಬಂತು, ಪ್ರೀತಿ ಹೋಯಿತು. ಶಾನಭಾಗರು ಹಾಗೆ ಬರೆಯಲಿಲ್ಲ. ಅವರ ಸಂಸಾರ ಒಡೆಯುವುದಿಲ್ಲ. ಇನ್ನೂ ಬಿಗಿಯಾಗುತ್ತದೆ, ಮುಷ್ಟಿಯಂತೆ. ಚಿಕ್ಕಪ್ಪನನ್ನು ಹುಡುಕಿಕೊಂಡು, ಕೈಯಲ್ಲಿ ಮಸೂರ್ ಬೇಳೆಯ ಸಾರು ಹಿಡಿದು ಬಾಗಿಲಿಗೆ ಬಂದ ಹೆಂಗಸನ್ನು ಮನೆಯ ಹೆಂಗಸರೆಲ್ಲ ಸೇರಿ ಹೊರಗಟ್ಟುವ ಪ್ರಸಂಗ ಈ ಶತಮಾನದ ಕನ್ನಡ ಗದ್ಯದ ಭಯಂಕರ ಪುಟಗಳಲ್ಲೊಂದು. ಆ ಮನೆಯಲ್ಲಿ ಒಗ್ಗಟ್ಟಿಗೆ ಕೊರತೆಯಿಲ್ಲ. ಹೊಸಿಲಿನಾಚೆಯವರು ಮನುಷ್ಯರೆಂಬ ಅರಿವಿಗೆ ಮಾತ್ರ ಕೊರತೆ. ಇತ್ತ ಕಥಾನಾಯಕ ಮನಸ್ಸು ಬಿಚ್ಚುವುದು, ಬಿಚ್ಚುವಷ್ಟು, ಕಾಫಿ ಹೌಸಿನಲ್ಲಿ ತಟ್ಟೆ ಇಡುವ ವಿನ್ಸೆಂಟನ ಮುಂದೆ. ಜಯಂತ ಕಾಯ್ಕಿಣಿಯವರ ಮುಂಬಯಿ ಕತೆಗಳಲ್ಲಿ ಅಪರಿಚಿತರು ಇದಕ್ಕಿಂತ ಬೆಚ್ಚಗೆ ಹತ್ತಿರವಾಗುತ್ತಾರೆ. ಒಮ್ಮೊಮ್ಮೆ ಬೇಕಾದುದಕ್ಕಿಂತ ಸುಲಭವಾಗಿ ಎಂಬ ಅನುಮಾನವೂ ನನಗುಂಟು. ಅದು ಬೇರೆ ಲೇಖನದ ವಿಷಯ.

ನನ್ನ ಆಸಕ್ತಿ ಇರುವುದು ಈ ಎರಡರ ನಡುವೆ, ಇನ್ನೂ ಯಾರೂ ಸರಿಯಾಗಿ ಬರೆಯದ ಒಂದು ಜಾಗದಲ್ಲಿ. ಸಿದ್ಧಲಿಂಗಯ್ಯನವರ ತಲೆಮಾರು ಊರು ಬಿಟ್ಟು ನಗರ ಸೇರಿತು. ಇಂದು ರಾಮನಗರ, ಚನ್ನಪಟ್ಟಣಗಳ ಸಾವಿರಾರು ಜನ ಊರನ್ನೂ ಬಿಡುವುದಿಲ್ಲ, ನಗರವನ್ನೂ ಸೇರುವುದಿಲ್ಲ. ಬೆಳಿಗ್ಗೆ ಹೋಗಿ ರಾತ್ರಿ ಬರುತ್ತಾರೆ. 1880ರ ದಶಕದ ಆರಂಭದಲ್ಲಿ ಹಾಕಿದ ಮೈಸೂರು–ಬೆಂಗಳೂರು ರೈಲುದಾರಿಯ ಮೇಲೆ ಇವರ ಬಾಳಿನ ಅರ್ಧ ಕಳೆಯುತ್ತದೆ. ಗಾರ್ಮೆಂಟ್ಸಿಗೆ ಹೋಗುವ ಹೆಂಗಸರು, ಅಂಗಡಿಯ ಹುಡುಗರು, ಆಸ್ಪತ್ರೆಯ ದಾದಿಯರು, ಗುಮಾಸ್ತರು, ವಿದ್ಯಾರ್ಥಿಗಳು. ಕನಕಪುರ, ಮಾಗಡಿಗಳಿಗೆ ರೈಲಿಲ್ಲ, ಅಲ್ಲಿಯವರಿಗೆ ಬಸ್ಸು. ನಗರವೂ ಎದುರಿನಿಂದ ನಡೆದು ಬರುತ್ತಿದೆ: 2021ರಲ್ಲಿ ಕನಕಪುರ ರಸ್ತೆಯ ರೇಷ್ಮೆ ಸಂಸ್ಥೆಯವರೆಗೆ ಮೆಟ್ರೊ ಬಂತು, 2023ರಲ್ಲಿ ಮೈಸೂರು ರಸ್ತೆಯ ಚಲ್ಲಘಟ್ಟದವರೆಗೆ.

ನಮ್ಮ ಕಡೆಯ ಹಳ್ಳಿಗಳಲ್ಲಿ ಹೊಸಬನನ್ನು ಕಂಡರೆ ಕೇಳುವ ಪ್ರಶ್ನೆ “ಯಾರ ಪೈಕಿ? ಯಾವ ಜನ?” ಉತ್ತರ ಬಂದಮೇಲೆ ಜಗಲಿಯೋ ನೆಲವೋ, ಲೋಟವೋ ಬೊಗಸೆಯೋ ನಿರ್ಧಾರವಾಗುತ್ತಿತ್ತು, ಕೆಲವೆಡೆ ಈಗಲೂ ಆಗುತ್ತದೆ. ಬೆಳಗಿನ ರೈಲಿನಲ್ಲಿ ಮೊದಲು ಕೇಳುವ ಪ್ರಶ್ನೆ ಬೇರೆ: “ಎಲ್ಲಿ ಇಳೀತೀರಕ್ಕ?” ಇದರಲ್ಲಿ ಮಾನವಪ್ರೇಮವೇನೂ ಇಲ್ಲ, ಕೇಳಿದವಳಿಗೆ ಬೇಕಾದದ್ದು ಸೀಟು. ಆದರೆ ಈ ಸ್ವಾರ್ಥದ ಪ್ರಶ್ನೆಗೆ ಒಂದು ದೊಡ್ಡ ಗುಣವಿದೆ: ಅದು ಎದುರಿನವಳ ಹಿಂದನ್ನು ಕೇಳುವುದಿಲ್ಲ, ಮುಂದನ್ನು ಕೇಳುತ್ತದೆ. ಕೆಂಗೇರಿ ಎಂದವಳ ಪಕ್ಕದಲ್ಲಿ ನಿಂತುಕೊಂಡರೆ ಕೆಂಗೇರಿಯವರೆಗೆ ಮಾತು ಬೆಳೆಯುತ್ತದೆ. ಮೂವರ ಬೆಂಚಿನಲ್ಲಿ ನಾಲ್ವರು ಸರಿದು ಕೂರುತ್ತಾರೆ. ಡಬ್ಬಿಯ ಚಿತ್ರಾನ್ನ ಕೈಯಿಂದ ಕೈಗೆ ಹೋಗುತ್ತದೆ. ಆಯುಧಪೂಜೆ ಬಂತೆಂದರೆ ದಿನದ ಪ್ರಯಾಣಿಕರು ಚಂದಾ ಹಾಕಿ ಬೋಗಿಗೆ ಮಾವಿನ ತೋರಣ, ಬಾಳೆಕಂದು ಕಟ್ಟುತ್ತಾರೆ. ಯಾರ ಕೈ ಮುಟ್ಟಿದ ಪ್ರಸಾದವೆಂದು ಯಾರೂ ನೋಡುವುದಿಲ್ಲ.

ಇದನ್ನು ರಾಮರಾಜ್ಯವೆಂದು ನಾನು ವರ್ಣಿಸುತ್ತಿಲ್ಲ. ಅದೇ ಪ್ರಯಾಣಿಕರು ಬೆಂಗಳೂರಿನಲ್ಲಿ ಬಾಡಿಗೆಮನೆ ಹುಡುಕಲು ಹೊರಟರೆ ಹಳೆಯ ಪ್ರಶ್ನೆ ಹೊಸ ವೇಷದಲ್ಲಿ ಎದುರಾಗುತ್ತದೆ: “ನಾನ್‌ವೆಜ್ ಮಾಡ್ತೀರಾ?” ಹುಡುಗನೊಬ್ಬನಿಗೆ ಈ ಪ್ರಶ್ನೆ ಎಂಟು ಮನೆಗಳಲ್ಲಿ ಎದುರಾಯಿತಂತೆ, ಒಂಬತ್ತನೆಯದರಲ್ಲಿ ತಾನಾಗಿಯೇ ಉತ್ತರ ಹೇಳಿ ಮೆಟ್ಟಿಲಿಳಿದನಂತೆ. ನಗರ ಬೀದಿಯಲ್ಲಿ ಉದಾರಿ, ಬಾಗಿಲಲ್ಲಿ ಜಿಪುಣ. ‘ಊರು ಕೇರಿ’ಯ ಲೇಖಕರಿಗೂ ‘ಘಾಚರ್ ಘೋಚರ್’ನ ಲೇಖಕರಿಗೂ, ಎರಡು ವಿರುದ್ಧ ದಿಕ್ಕುಗಳಿಂದ, ಕಂಡದ್ದು ಇದೇ ಎಂದು ನನಗನ್ನಿಸುತ್ತದೆ.

ಬೀದಿಯ ಆ ಔದಾರ್ಯಕ್ಕೂ ಈಗ ಸಂಚಕಾರ ಬರುತ್ತಿದೆ. 2023ರ ಮಾರ್ಚ್ 12ರಂದು ಉದ್ಘಾಟನೆಯಾದ ಬೆಂಗಳೂರು–ಮೈಸೂರು ಹೆದ್ದಾರಿ ಬಿಡದಿ, ರಾಮನಗರ, ಚನ್ನಪಟ್ಟಣ, ಮದ್ದೂರು, ಮಂಡ್ಯಗಳನ್ನು ಬಳಸಿಕೊಂಡು ಹೊರಗಿನಿಂದಲೇ ಸಾಗುತ್ತದೆ. ಅದೇ ವರ್ಷದ ಆಗಸ್ಟ್ 1ರಿಂದ ಅದರ ಮುಖ್ಯದಾರಿಯಲ್ಲಿ ಬೈಕು, ಆಟೊ, ಟ್ರ್ಯಾಕ್ಟರುಗಳಿಗೆ ಪ್ರವೇಶವಿಲ್ಲ. ಅಪಘಾತಗಳನ್ನು ತಡೆಯಲು ಅದು ಬೇಕಿತ್ತೆಂಬುದನ್ನು ಅಲ್ಲಗಳೆಯಲಾಗದು. ಆದರೆ ಹಳೆಯ ರಸ್ತೆಯಲ್ಲಿ ಹಾಲೆಮರದ ಗೊಂಬೆಗಳನ್ನು ಸಾಲಾಗಿ ಜೋಡಿಸಿ ಕುಳಿತಿದ್ದ ಚನ್ನಪಟ್ಟಣದ ಅಂಗಡಿಗಳ ಮುಂದೆ ಕಾರುಗಳು ನಿಲ್ಲುವುದು ಕಡಿಮೆಯಾಯಿತು. ಅರಗಿನ ಬಣ್ಣದ ಆ ಗೊಂಬೆಯನ್ನು ಇಂದು ಫೋನಿನಲ್ಲಿಯೇ ಕೊಳ್ಳಬಹುದು. ಬೆಲೆಗಾಗಿ ಚೌಕಾಸಿ ಮಾಡುತ್ತ, ಮಗುವಿಗೆ ಬುಗುರಿ ಆಡಿಸಿ ತೋರಿಸುವ ಮುದುಕನೊಡನೆ ಕಳೆಯುವ ಹತ್ತು ನಿಮಿಷ ಮಾತ್ರ ಪೊಟ್ಟಣದಲ್ಲಿ ಬರುವುದಿಲ್ಲ. ರಾಮನಗರದ ರೇಷ್ಮೆಗೂಡಿನ ಮಾರುಕಟ್ಟೆ ಇನ್ನೊಂದು ಲೋಕ. ಗೂಡು ತರುವ ರೈತರೂ, ನೂಲು ತೆಗೆಯುವ ಕಸುಬಿನಲ್ಲಿ ಹೆಚ್ಚಾಗಿರುವ ಮುಸ್ಲಿಂ ಕುಟುಂಬಗಳೂ ತಲೆಮಾರುಗಳಿಂದ ಒಬ್ಬರನ್ನೊಬ್ಬರು ಬೈದುಕೊಂಡೂ ಬಿಡಲಾರದೆ ಬಾಳಿದ ಜಾಗ. ಹರಾಜು ಈಗ ಗಣಕಯಂತ್ರದಲ್ಲಿ. ರೈತನಿಗೆ ತೂಕದಲ್ಲಿ, ದರದಲ್ಲಿ ನ್ಯಾಯ ಸಿಕ್ಕರೆ ನನಗೇಕೆ ಬೇಸರ? ಆದರೆ ಈ ಮಾರುಕಟ್ಟೆಯನ್ನು ಒಳಗಿನಿಂದ ಬಲ್ಲ ಒಂದು ದೊಡ್ಡ ಕಾದಂಬರಿಯನ್ನು ನಾನಿನ್ನೂ ಓದಬೇಕಾಗಿದೆ. ಚನ್ನಪಟ್ಟಣಕ್ಕೆ ಹೋಗುವ ದಾರಿಯಲ್ಲಿ ಎಚ್. ಎಲ್. ನಾಗೇಗೌಡರು ಕಟ್ಟಿದ ಜಾನಪದ ಲೋಕವಿದೆ. ನಮ್ಮ ಅಜ್ಜಿಯರ ಬೀಸುವ ಕಲ್ಲು, ಗೆರಸೆ, ಒನಕೆಗಳನ್ನು ಅಲ್ಲಿ ಜೋಪಾನವಾಗಿಟ್ಟಿದ್ದಾರೆ. ಈಗ ಬಾಳುತ್ತಿರುವ ಈ ಸಂಬಂಧಗಳನ್ನು ಇಡಲು ಅಂಥ ಕಟ್ಟಡವಿಲ್ಲ. ಕತೆ ಕಾದಂಬರಿಗಳೇ ಆಗಬೇಕು.

ಆದುದರಿಂದ ಈ ವರ್ಷ ‘ನಗರಜೀವನ’ವೆಂಬ ಪ್ರಬಂಧದ ವಿಷಯವನ್ನು ಬಿಟ್ಟು, ಮೊದಲು ‘ಊರು ಕೇರಿ’ಯ ಕೆಲವು ಪುಟಗಳನ್ನು ತರಗತಿಯಲ್ಲಿ ಓದಿಸಿ, ಆಮೇಲೆ “ನೀವು ಬರುವಾಗ ಪಕ್ಕದಲ್ಲಿ ಕೂರುವವರ ಬಗೆಗೆ ಬರೆಯಿರಿ” ಎಂದೆ. ಹಲವರು ಎರಡು ಸಾಲು ಬರೆದು ಮತ್ತೆ ಹಳೆಯ ಶಾಪಕ್ಕೆ ಇಳಿದರು. ಚನ್ನಪಟ್ಟಣದ ಕಡೆಯ ಹುಡುಗಿಯೊಬ್ಬಳು ಮೂರು ಪುಟ ಬರೆದಳು. ಅವಳು ರಾಮನಗರದಲ್ಲಿ ಇಳಿಯುವವಳು; ಅವಳ ಸೀಟಿಗೆ ದಿನವೂ ಕಾದು ನಿಲ್ಲುವ, ಗಾರ್ಮೆಂಟ್ಸಿಗೆ ಹೋಗುವ ಹೆಂಗಸೊಬ್ಬಳಿದ್ದಾಳೆ. ಎರಡು ವರ್ಷದ ಪರಿಚಯ. ಆಕೆಗೆ ರಕ್ತದೊತ್ತಡದ ಮಾತ್ರೆ ಇರುವುದು, ಮಗ ಎಸ್ಸೆಸ್ಸೆಲ್ಸಿಯಲ್ಲಿ ಗಣಿತದಲ್ಲಿ ನಪಾಸಾಗಿ ಮತ್ತೆ ಕಟ್ಟಿದ್ದು, ಸೂಪರ್‌ವೈಸರನ ಕಾಟ, ಯಾವ ಚೀಟಿ ಯಾವ ತಿಂಗಳಿಗೆ ಎತ್ತುವುದು ಎಲ್ಲವೂ ಈ ಹುಡುಗಿಗೆ ಗೊತ್ತು. ಪರೀಕ್ಷೆಯ ಶುಲ್ಕಕ್ಕೆ ಮುನ್ನೂರು ರೂಪಾಯಿ ಕಡಿಮೆಯಾದಾಗ ಆಕೆಯೇ ಕೊಟ್ಟು, ತಿಂಗಳ ಮೇಲೆ ಲೆಕ್ಕವಿಟ್ಟು ವಾಪಸು ಪಡೆದಳಂತೆ. ಕಾಗುಣಿತದ ತಪ್ಪುಗಳನ್ನು ತಿದ್ದುತ್ತ ಕೊನೆಯ ಪುಟಕ್ಕೆ ಬಂದೆ. ಆಕೆಯ ಹೆಸರು ಏನೆಂದು ತಾನು ಇನ್ನೂ ಕೇಳಿಲ್ಲ, ‘ಕೆಂಗೇರಿ ಅಕ್ಕ’ ಎಂದೇ ಕರೆಯುವುದು, ಆಕೆ ತನ್ನನ್ನು ‘ರಾಮನಗರ’ ಎಂದು ಕರೆಯುತ್ತಾಳೆ ಎಂದು ಬರೆದಿದ್ದಳು.